ಲಂಡನ್, ಪ್ಯಾರಿಸ್, ಡಖಾವ್: ನೂರ್ ಇನಾಯತ್ ಖಾನ್ ಹೋದ ದಾರಿಯಲ್ಲಿ

1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆಯಲ್ಲಿ ಟಿಪ್ಪು ಸುಲ್ತಾನ್ ಸತ್ತ ಕಥೆ ನಮಗೆಲ್ಲ ಗೊತ್ತು. ಅದಾಗಿ 145 ವರ್ಷಕ್ಕೆ ಅವನ ವಂಶದ ಒಬ್ಬ ಹೆಣ್ಣುಮಗಳು, ನೂರ್ ಇನಾಯತ್ ಖಾನ್, ಬ್ರಿಟಿಷರ ಗುಪ್ತ ಏಜೆಂಟ್ ಆಗಿ ಜರ್ಮನಿಯಲ್ಲಿ ಗುಂಡಿಗೆ ಬಲಿಯಾದಳು. ಇದು ನಮ್ಮ ಕಡೆ ಜಾಸ್ತಿ ಜನಕ್ಕೆ ಗೊತ್ತಿಲ್ಲ. ಗೊತ್ತಿರುವವರೂ "ಟಿಪ್ಪು ವಂಶದವಳಂತೆ" ಅಂತ ಒಂದು ಮಾತು ಹೇಳಿ ಮುಗಿಸಿಬಿಡುತ್ತಾರೆ. ನನಗೆ ಅಷ್ಟು ಸಾಲದು. ವಂಶ ಅವಳು ಆರಿಸಿಕೊಂಡಿದ್ದಲ್ಲ, ಕೆಲಸ ಆರಿಸಿಕೊಂಡಿದ್ದು. ಆ ಕೆಲಸ ಏನು, ಅದನ್ನು ಎಲ್ಲಿ ಮಾಡಿದಳು, ಅವಳನ್ನು ಹಿಡಿದುಕೊಟ್ಟಿದ್ದು ಯಾರು, ಕೈಬಿಟ್ಟಿದ್ದು ಯಾರು ಅನ್ನೋದನ್ನ ಆಯಾ ಜಾಗದಲ್ಲೇ ನಿಂತು ತಿಳಿದುಕೊಳ್ಳಬೇಕು ಅಂತ ಹೊರಟೆ.

ಮಂಗಳವಾರ, ಲಂಡನ್

ಯೂಸ್ಟನ್ ಸ್ಟೇಷನ್‌ನಿಂದ ಟ್ಯಾವಿಟನ್ ಸ್ಟ್ರೀಟ್‌ಗೆ ನಡೆದೇ ಹೋಗಬಹುದು. ಚಿಕ್ಕ ಬೀದಿ, ಎತ್ತರದ ಹಳೇ ಮನೆಗಳು, ಸುತ್ತಮುತ್ತ ಯೂನಿವರ್ಸಿಟಿಯ ಹುಡುಗ ಹುಡುಗಿಯರು. 4ನೇ ನಂಬರಿನ ಮನೆಯ ಗೋಡೆ ಮೇಲೆ ದುಂಡಗಿನ ನೀಲಿ ಫಲಕ ಇದೆ. ಲಂಡನ್‌ನಲ್ಲಿ ಹೆಸರಾದವರು ಇದ್ದ ಮನೆಗಳಿಗೆ ಹಾಕುವ ಫಲಕ ಅದು. 2020ರ ಆಗಸ್ಟ್‌ನಲ್ಲಿ ಹಾಕಿದ್ದು. ಭಾರತ ಮೂಲದ ಹೆಣ್ಣುಮಗಳೊಬ್ಬಳಿಗೆ ಇಂಥ ಫಲಕ ಸಿಕ್ಕಿದ್ದು ಅದೇ ಮೊದಲು. ನೂರ್, ಅವಳ ರಹಸ್ಯ ಹೆಸರು "ಮ್ಯಾಡಲೀನ್", ಇಲ್ಲಿ ತಂಗಿದ್ದಳು ಅಂತ ಬರೆದಿದೆ. ಫ್ರಾನ್ಸ್‌ಗೆ ಹೋಗುವ ಮುಂಚೆ ಅವಳ ಮನೆ ವಿಳಾಸ ಇದೇ ಆಗಿತ್ತು. ಈ ವಿಳಾಸವನ್ನ ನೆನಪಿಡಿ, ಮುಂದೆ ಜೈಲಿನಲ್ಲಿ ಮತ್ತೆ ಬರುತ್ತದೆ.

ಲಂಡನ್‌ನಲ್ಲೇ ಇರುವ ನನ್ನ ಅತ್ತಿಗೆ ಜೊತೆಗೆ ಬಂದಿದ್ದರು. "ಎಷ್ಟು ಸಲ ಈ ಕಡೆ ಓಡಾಡಿದೀನಿ, ತಲೆ ಎತ್ತಿ ನೋಡಿರಲಿಲ್ಲ ನೋಡು" ಅಂದರು. ಅಲ್ಲಿಂದ ಎರಡು ಹೆಜ್ಜೆಗೆ ಗಾರ್ಡನ್ ಸ್ಕ್ವೇರ್. ಮರಗಳ ಕೆಳಗೆ ನೂರ್‌ಳ ಕಂಚಿನ ಅರ್ಧಪ್ರತಿಮೆ. 2012ರ ನವೆಂಬರ್‌ನಲ್ಲಿ ರಾಜಕುಮಾರಿ ಆ್ಯನ್ ಅನಾವರಣ ಮಾಡಿದ್ದು. ಪೀಠದ ಹತ್ತಿರ ಯಾರೋ ಕಾಗದದ ಹೂ ಇಟ್ಟಿದ್ದರು. ಅತ್ತಿಗೆ ಅದನ್ನ ನೆಟ್ಟಗೆ ಮಾಡಿ ಇಟ್ಟರು.

"ಟಿಪ್ಪುಗೆ ಏನಾಗಬೇಕು ಇವಳು?" ಅಂತ ಕೇಳಿದರು. ಬೆಂಚಿನ ಮೇಲೆ ಕೂತು ಹೇಳಿದೆ. ನೂರ್‌ಳ ತಂದೆ ಹಜರತ್ ಇನಾಯತ್ ಖಾನ್. ಬರೋಡದವರು, ವೀಣೆ ನುಡಿಸುತ್ತಿದ್ದರು, ಆಮೇಲೆ ಸೂಫಿ ಗುರುವಾಗಿ ಪಶ್ಚಿಮದ ದೇಶಗಳಿಗೆ ಹೋದರು. ಅವರ ತಾಯಿಯ ತಂದೆ ಮೌಲಾ ಬಕ್ಷ್ ದೊಡ್ಡ ಸಂಗೀತಗಾರ, ಮೈಸೂರು ಆಸ್ಥಾನದಲ್ಲೂ ಹಾಡಿದವರು. ಆ ಮೌಲಾ ಬಕ್ಷ್‌ರ ಹೆಂಡತಿ ಟಿಪ್ಪುವಿನ ಮನೆತನದವರು. ನೂರ್‌ಳ ತಾಯಿ ಅಮೆರಿಕದವರು, ಓರಾ ರೇ ಬೇಕರ್. ಮದುವೆ ಆದಮೇಲೆ ಅಮೀನಾ ಬೇಗಂ. ನೂರ್ ಹುಟ್ಟಿದ್ದು 1914ರ ಜನವರಿ 1ರಂದು ಮಾಸ್ಕೋದಲ್ಲಿ. ಬೆಳೆದಿದ್ದು ಮೊದಲು ಲಂಡನ್, ಆಮೇಲೆ ಪ್ಯಾರಿಸ್ ಪಕ್ಕದ ಸುರೆನ್.

ಹಿಂಸೆ ಬೇಡ ಅನ್ನೋ ಮನೆಯಲ್ಲಿ ಬೆಳೆದವಳು ಯುದ್ಧಕ್ಕೆ ಯಾಕೆ ಹೋದಳು? 1940ರ ಜೂನ್‌ನಲ್ಲಿ ಜರ್ಮನ್ ಸೈನ್ಯ ಪ್ಯಾರಿಸ್ ಹತ್ತಿರ ಬಂದಾಗ ಅಕ್ಕ ತಮ್ಮ ಕೂತು ಮಾತಾಡಿಕೊಂಡರಂತೆ. ಕೈಕಟ್ಟಿ ಕೂರುವುದು ಸರಿಯಲ್ಲ, ಆದರೆ ಕೊಲ್ಲುವ ಕೆಲಸವೂ ಬೇಡ, ಅಪಾಯ ಜಾಸ್ತಿ ಇರುವ ಬೇರೆ ಕೆಲಸ ಮಾಡೋಣ ಅಂತ. ತಮ್ಮ ವಿಲಾಯತ್ ನೌಕಾಪಡೆಗೆ ಹೋದ. ನೂರ್ ವಾಯುಪಡೆಯ ಮಹಿಳಾ ದಳಕ್ಕೆ ಸೇರಿ ವೈರ್‌ಲೆಸ್ ಕಲಿತಳು. ಅಧಿಕಾರಿ ಹುದ್ದೆಯ ಸಂದರ್ಶನದಲ್ಲಿ ಭಾರತದ ಸ್ವಾತಂತ್ರ್ಯದ ಬಗ್ಗೆ ಕೇಳಿದಾಗ, ಈ ಯುದ್ಧ ಮುಗಿದ ಮೇಲೆ ನಾನು ನನ್ನ ದೇಶದ ಪರ ನಿಲ್ಲಬೇಕಾಗಬಹುದು ಅಂತ ಮುಖಕ್ಕೆ ಮುಖ ಕೊಟ್ಟು ಹೇಳಿದಳು. ಬ್ರಿಟಿಷ್ ಸಮವಸ್ತ್ರ ಹಾಕಿಕೊಂಡೇ ಹೇಳಿದ ಮಾತು ಇದು. ನನಗೆ ನೂರ್ ಇಷ್ಟವಾಗೋಕೆ ಇದೊಂದೇ ಸಾಕು.

ಸಂಜೆ ಥೇಮ್ಸ್ ದಂಡೆಗೆ ಹೋಗಿ ಎಸ್‌ಒಇ ಸ್ಮಾರಕ ನೋಡಿದೆವು. ಮೇಲೆ ವಯೊಲೆಟ್ ಸಾಬೋ ಎಂಬ ಇನ್ನೊಬ್ಬ ಏಜೆಂಟ್‌ಳ ಮುಖ ಇದೆ. ಎಸ್‌ಒಇ ಅಂದರೆ ಸ್ಪೆಷಲ್ ಆಪರೇಷನ್ಸ್ ಎಕ್ಸಿಕ್ಯೂಟಿವ್. ಶತ್ರುವಿನ ನೆಲದೊಳಗೆ ಜನ ಕಳಿಸಿ, ರೈಲು ಸೇತುವೆ ಒಡೆಸಿ, ಸ್ಥಳೀಯರಿಗೆ ಆಯುಧ ಮುಟ್ಟಿಸೋಕೆ ಅಂತ 1940ರ ಜುಲೈನಲ್ಲಿ ಶುರುವಾದ ಗುಪ್ತ ಇಲಾಖೆ. ಇದರ ಫ್ರಾನ್ಸ್ ವಿಭಾಗ 39 ಹೆಂಗಸರನ್ನು ಕಳಿಸಿತು. 13 ಜನ ವಾಪಸ್ ಬರಲಿಲ್ಲ.

ಹೆಂಗಸರನ್ನೇ ಯಾಕೆ ಅಂದರೆ ಕಾರಣ ಸರಳ. 1943ರ ಫೆಬ್ರವರಿಯಿಂದ ಫ್ರಾನ್ಸ್‌ನ ಯುವಕರನ್ನು ಜರ್ಮನಿಯ ಕಾರ್ಖಾನೆಗಳಿಗೆ ಕಡ್ಡಾಯವಾಗಿ ದುಡಿಯೋಕೆ ಕಳಿಸುತ್ತಿದ್ದರು. ರಸ್ತೆಯಲ್ಲಿ ಗಂಡಸು ಕಂಡರೆ ತಡೆದು ಕಾಗದ ಕೇಳುತ್ತಿದ್ದರು. ಸೈಕಲ್ ಮೇಲೆ ತರಕಾರಿ ಬುಟ್ಟಿ ಇಟ್ಟುಕೊಂಡು ಹೋಗುವ ಹೆಂಗಸನ್ನ ಅಷ್ಟಾಗಿ ತಡೆಯುತ್ತಿರಲಿಲ್ಲ. ಹೆಣ್ಣು ಗೂಢಚಾರಿಣಿ ಅಂದ ತಕ್ಷಣ ನಮ್ಮ ತಲೆಗೆ ಬರೋದು ಮಾತಾ ಹರಿ, ನೃತ್ಯ, ಮೋಹ. ಇವರ ಕೆಲಸ ಅದಲ್ಲವೇ ಅಲ್ಲ. ಸಂದೇಶ ಹೊರುವುದು, ವೈರ್‌ಲೆಸ್ ಸೆಟ್ಟು ಹೊರುವುದು, ಕಾಯುವುದು, ಮತ್ತೆ ಮನೆ ಬದಲಿಸುವುದು.

ಬುಧವಾರ, ಕ್ಯೂ

ಬ್ರಿಟನ್ನಿನ ರಾಷ್ಟ್ರೀಯ ದಾಖಲೆ ಭಂಡಾರ ಲಂಡನ್‌ನ ಕ್ಯೂ ಎಂಬಲ್ಲಿದೆ. ಮೊದಲೇ ರೀಡರ್ ಟಿಕೆಟ್ ಮಾಡಿಸಿಕೊಂಡರೆ ಯಾರು ಬೇಕಾದರೂ ಕಡತ ತರಿಸಿ ನೋಡಬಹುದು. ಪೆನ್ನು ಒಳಗೆ ಬಿಡುವುದಿಲ್ಲ, ಪೆನ್ಸಿಲ್ ಮಾತ್ರ. ಮೊಬೈಲ್‌ನಲ್ಲಿ ಫೋಟೋ ತೆಗೆದುಕೊಳ್ಳಬಹುದು. ನೂರ್‌ಳ ಕಡತದ ನಂಬರ್ ಎಚ್‌ಎಸ್ 9/836/5. 2003ರವರೆಗೆ ಇದನ್ನ ಸಾರ್ವಜನಿಕರಿಗೆ ತೆರೆದಿರಲಿಲ್ಲ.

ತರಬೇತಿಯ ವರದಿಗಳೇ ನನ್ನನ್ನು ಜಾಸ್ತಿ ಹೊತ್ತು ಹಿಡಿದು ಕೂರಿಸಿದ್ದು. ಚೆನ್ನಾಗಿ ಓಡುತ್ತಾಳೆ, ಉಳಿದದ್ದರಲ್ಲಿ ಮೈ ಹಿಡಿತವಿಲ್ಲ, ಪ್ಯಾರಾಚೂಟ್‌ಗೆ ಆಗಲ್ಲ ಅಂತ ಒಬ್ಬರು. ಕೊನೆಯ ಹಂತದ ಶಾಲೆಯ ಮುಖ್ಯಸ್ಥ ಕರ್ನಲ್ ಸ್ಪೂನರ್ ಇನ್ನೂ ಖಾರ: ತಲೆಯಲ್ಲಿ ಅಂಥದ್ದೇನಿಲ್ಲ, ಶ್ರಮಪಟ್ಟಿದ್ದಾಳೆ, ಮನಸ್ಸು ಸ್ಥಿರವಿಲ್ಲ, ಈ ಕೆಲಸಕ್ಕೆ ಹೊಂದುತ್ತಾಳಾ ಅನ್ನೋದೇ ಅನುಮಾನ. ಫ್ರಾನ್ಸ್ ವಿಭಾಗದ ಮುಖ್ಯಸ್ಥ ಮಾರಿಸ್ ಬಕ್‌ಮಾಸ್ಟರ್‌ಗೆ ಆ ಮಾತು ಹಿಡಿಸಲಿಲ್ಲ. "ಅಸಂಬದ್ಧ" ಅಂತ ಅಂಚಿನಲ್ಲಿ ಗೀಚಿ ಪಕ್ಕಕ್ಕಿಟ್ಟ.

ನೂರ್‌ಗೆ ಸುಳ್ಳು ಹೇಳೋಕೆ ಬರುತ್ತಿರಲಿಲ್ಲ. ಅವಳ ದೊಡ್ಡ ಸಮಸ್ಯೆ ಇದೇ. ಸಂಕೇತ ವಿಭಾಗದ ಲಿಯೋ ಮಾರ್ಕ್ಸ್ ಅವಳಿಗೆ ಗುಪ್ತಲಿಪಿ ಕಲಿಸಿದ ರೀತಿ ಕೇಳಿ. ನೂರ್ 1939ರಲ್ಲಿ ಮಕ್ಕಳಿಗಾಗಿ ಬುದ್ಧನ 20 ಜಾತಕ ಕಥೆಗಳನ್ನು ಇಂಗ್ಲಿಷ್‌ನಲ್ಲಿ ಬರೆದಿದ್ದಳು. ತನ್ನ ಬೆನ್ನನ್ನೇ ಸೇತುವೆ ಮಾಡಿ ಮಂಗಗಳನ್ನೆಲ್ಲ ದಾಟಿಸಿದ ಕಪಿರಾಜನ ಕಥೆ ಅದರಲ್ಲಿದೆ. ಮಾರ್ಕ್ಸ್ ಆ ಪುಸ್ತಕ ಓದಿಕೊಂಡು ಬಂದು, ಲಿಪಿಯಲ್ಲಿ ಒಂದು ಅಕ್ಷರ ತಪ್ಪಾದರೆ ಅದು ಸುಳ್ಳು ಹೇಳಿದ ಹಾಗೆ, ನಿನ್ನ ಸಂದೇಶ ಸೇತುವೆ ದಾಟಬೇಕು ಅಂತ ಆ ಕಥೆಯಿಂದಲೇ ವಿವರಿಸಿದ. ಆಮೇಲೆ ಅವಳ ಲಿಪಿ ಚೆನ್ನಾಗಿ ಕುದುರಿತು. ಒಬ್ಬ ಒಳ್ಳೆ ಮೇಷ್ಟ್ರು ಸಿಕ್ಕಿದ್ದ ಅವಳಿಗೆ. ಆದರೆ ಜರ್ಮನ್ನರ ರಹಸ್ಯ ಪೊಲೀಸ್ ಗೆಸ್ಟಾಪೊ ಕೈಯಲ್ಲಿ ಸಿಕ್ಕಿದರೆ ಅಂಥ ಹುಡುಗಿ ಗತಿ ಏನು ಅಂತ ಮೇಲಿನವರು ಯೋಚಿಸಬೇಕಿತ್ತು. ಸ್ಪೂನರ್‌ನ ಮಾತಿನ ದಾಟಿ ಕೆಟ್ಟದ್ದು, ಆದರೆ ಅನುಮಾನ ಪೂರ್ತಿ ತಪ್ಪೇನಲ್ಲ ಅಂತ ನನಗನ್ನಿಸಿತು. ಕಳಿಸಿದ ಕಾರಣ ಒಂದೇ, ವೈರ್‌ಲೆಸ್ ಬಲ್ಲ, ಫ್ರೆಂಚ್ ಮಾತಾಡುವ ಜನ ಸಿಗುತ್ತಿರಲಿಲ್ಲ.

1943ರ ಜೂನ್ 16ರ ರಾತ್ರಿ, ಬೆಳದಿಂಗಳಲ್ಲಿ, ಲೈಸಾಂಡರ್ ಎಂಬ ಪುಟ್ಟ ವಿಮಾನ ಅವಳನ್ನ ಫ್ರಾನ್ಸ್‌ನ ಆಂಜೆ ಊರಿನ ಹತ್ತಿರದ ಹೊಲದಲ್ಲಿ ಇಳಿಸಿತು. ಬೆಳದಿಂಗಳಿಲ್ಲದೆ ಆ ವಿಮಾನಗಳು ಹೋಗುತ್ತಿರಲಿಲ್ಲ, ದೀಪ ಹಾಕುವ ಹಾಗಿಲ್ಲವಲ್ಲ. ಹೊರಡುವ ಮುಂಚೆ ವೆರಾ ಆಟ್ಕಿನ್ಸ್ ಎಂಬ ಅಧಿಕಾರಿ ಜೇಬೆಲ್ಲ ತಡಕಿ ಲಂಡನ್ನಿನ ಬಸ್ ಟಿಕೆಟ್ಟು, ಬಟ್ಟೆಯ ಲೇಬಲ್ಲು ಏನಾದರೂ ಉಳಿದಿದೆಯಾ ನೋಡುತ್ತಿದ್ದಳು. ನೂರ್ ಅವಳ ಕೋಟಿನ ಮೇಲಿದ್ದ ಬೆಳ್ಳಿ ಹಕ್ಕಿಯ ಪಿನ್ನು ಚೆನ್ನಾಗಿದೆ ಅಂದಳು. ವೆರಾ ಅಲ್ಲೇ ಬಿಚ್ಚಿ ಕೊಟ್ಟುಬಿಟ್ಟಳು.

ಗುರುವಾರ, ಪ್ಯಾರಿಸ್

ಯೂರೋಸ್ಟಾರ್ ರೈಲು, ಮಧ್ಯಾಹ್ನದ ಹೊತ್ತಿಗೆ ಪ್ಯಾರಿಸ್. ಐಫೆಲ್ ಟವರ್ ಬಗ್ಗೆ ಎಲ್ಲರೂ ಬರೆದಿದ್ದಾರೆ, ಬಿಡಿ. ನಾನು ನೇರ 16ನೇ ವಾರ್ಡಿಗೆ ಹೋದೆ. ಶ್ರೀಮಂತರ ಬಡಾವಣೆ. ಕಬ್ಬಿಣದ ಕಸೂತಿಯ ಬಾಲ್ಕನಿಗಳು, ಭಾರಿ ಬಾಗಿಲುಗಳು.

ನೂರ್ ಬಂದು ವಾರ ಕಳೆಯುವಷ್ಟರಲ್ಲಿ, ಜೂನ್ 24ಕ್ಕೆ, ಪ್ಯಾರಿಸ್‌ನ ಅತಿ ದೊಡ್ಡ ಜಾಲ "ಪ್ರಾಸ್ಪರ್"ನ ಮುಖ್ಯಸ್ಥ ಫ್ರಾನ್ಸಿಸ್ ಸಟಿಲ್ ಸಿಕ್ಕಿಬಿದ್ದ. ಅವನ ವೈರ್‌ಲೆಸ್‌ನವನು, ಸಂದೇಶ ಒಯ್ಯುತ್ತಿದ್ದ ಆಂದ್ರೆ ಬೊರೆಲ್, ಅವರ ಹಿಂದೆ ಸಾಲು ಸಾಲಾಗಿ ಜನ. ನೂರ್ ಕಲಿಯೋಕೂ ಟೈಮ್ ಸಿಗಲಿಲ್ಲ. ಮೊದಲ ದಿನಗಳಲ್ಲಿ ಕಪ್ಪಿಗೆ ಹಾಲು ಮೊದಲು ಸುರಿದು ಆಮೇಲೆ ಟೀ ಹಾಕಿಕೊಂಡಳಂತೆ. ಅದು ಇಂಗ್ಲೆಂಡ್ ಕಡೆಯ ಅಭ್ಯಾಸ, ಯಾರಾದರೂ ನೋಡಿದರೆ ಕಥೆ ಮುಗೀತು ಅಂತ ಅವಳಿದ್ದ ಮನೆಯಾಕೆ ತಿದ್ದಿದರು. ಜೀವ ಉಳಿಯೋದು ಹೋಗೋದು ಇಂಥ ಸಣ್ಣ ವಿಷಯದಲ್ಲೇ ಇತ್ತು.

ಲಂಡನ್ ಅವಳನ್ನ ವಾಪಸ್ ಕರೆಸಿಕೊಳ್ಳೋಕೆ ತಯಾರಿತ್ತು. ಅವಳು ಒಪ್ಪಲಿಲ್ಲ. ನಾನೂ ಹೋದರೆ ಇಲ್ಲಿಂದ ಲಂಡನ್‌ಗೆ ಮಾತಾಡೋಕೆ ಯಾರೂ ಇರಲ್ಲ ಅನ್ನೋದು ಅವಳ ಉತ್ತರ. ಅಲ್ಲಿಂದ ಅಕ್ಟೋಬರ್‌ವರೆಗೆ ಪ್ಯಾರಿಸ್‌ನಿಂದ ಲಂಡನ್‌ಗೆ ಇದ್ದ ಬಹುಮುಖ್ಯ ಕೊಂಡಿ ಈ ಹುಡುಗಿಯೇ.

ಕೆಲಸ ಹೇಗಿತ್ತು ಅಂದರೆ, ಸೂಟ್‌ಕೇಸ್‌ನಲ್ಲಿ ಸುಮಾರು 14 ಕೆಜಿ ತೂಕದ ವೈರ್‌ಲೆಸ್ ಸೆಟ್ಟು. ಅದಕ್ಕೆ 20 ಮೀಟರ್ ಉದ್ದದ ಏರಿಯಲ್ ತಂತಿ. ಆ ತಂತಿಯನ್ನ ಯಾರ ಕಣ್ಣಿಗೂ ಬೀಳದ ಹಾಗೆ ಚಾಚಬೇಕು. ಸಂದೇಶವನ್ನ ಲಿಪಿಗೆ ತಿರುಗಿಸಿ, ಗೊತ್ತಾದ ಹೊತ್ತಿಗೆ ಮೋರ್ಸ್‌ನಲ್ಲಿ, ಅಂದರೆ ಟೆಲಿಗ್ರಾಫ್‌ನ ಕಟ್ಟು-ಕಡ ಸಂಕೇತದಲ್ಲಿ, ಬಡಿಯಬೇಕು. ಒಬ್ಬೊಬ್ಬರ ಬಡಿತ ಒಂದೊಂದು ತರ. ನೂರ್‌ಳದು ಭಾರದ ಕೈ, ಚಳಿಗೆ ಬೆರಳು ಊದಿಕೊಳ್ಳುತ್ತಿದ್ದವು. ಲಂಡನ್‌ನಲ್ಲಿ ಕೇಳುವವರಿಗೆ ಬಡಿತದಿಂದಲೇ ಇದು ಇಂಥವರು ಅಂತ ಗೊತ್ತಾಗುತ್ತಿತ್ತು. ಇತ್ತ ಜರ್ಮನ್ನರು ಪತ್ತೆ ಹಚ್ಚುವ ಗಾಡಿಗಳನ್ನು ಬೀದಿ ಬೀದಿ ಓಡಿಸುತ್ತಿದ್ದರು. ಒಂದೊಂದೇ ಬೀದಿಯ ಕರೆಂಟ್ ತೆಗೆದು, ಸಿಗ್ನಲ್ ನಿಂತಿದ್ದು ಯಾವಾಗ ಅಂತ ನೋಡುತ್ತಿದ್ದರು. 20 ನಿಮಿಷದ ಮೇಲೆ ಒಂದೇ ಕಡೆಯಿಂದ ಬಡಿದರೆ ಸಿಕ್ಕಿಬೀಳೋದು ಹೆಚ್ಚುಕಮ್ಮಿ ಖಾತ್ರಿ. ವೈರ್‌ಲೆಸ್‌ನವರು ಸಿಗದೆ ಉಳಿಯೋದು 6 ವಾರ ಅನ್ನೋ ಲೆಕ್ಕ ಆಗ ಇತ್ತು. ನೂರ್ ಸುಮಾರು 4 ತಿಂಗಳು ಉಳಿದಳು.

ಮೆಟ್ರೋದಲ್ಲಿ ಇಬ್ಬರು ಜರ್ಮನ್ ಸೈನಿಕರು ಪೆಟ್ಟಿಗೆಯಲ್ಲಿ ಏನು ಅಂತ ಕೇಳಿದರಂತೆ. ಸಿನಿಮಾ ತೋರಿಸುವ ಯಂತ್ರ ಅಂದಳು. ಮುಚ್ಚಳ ಸ್ವಲ್ಪ ತೆಗೆದು, ನೋಡಿ ಪುಟಾಣಿ ಬಲ್ಬ್‌ಗಳು ಅಂತ ತೋರಿಸಿಯೂ ತೋರಿಸಿದಳು. ಅವರು ನಂಬಿದರು. ಸುಳ್ಳು ಹೇಳೋಕೆ ಬರಲ್ಲ ಅಂತ ಬರೆಸಿಕೊಂಡಿದ್ದವಳು ಇವಳೇ ಅಲ್ವಾ.

ಶುಕ್ರವಾರ, ಸುರೆನ್ ಮತ್ತು ಅವೆನ್ಯೂ ಫೋಶ್

ಬೆಳಿಗ್ಗೆ ಸೇಂಟ್ ಲಝಾರ್ ಸ್ಟೇಷನ್‌ನಿಂದ ಲೋಕಲ್ ರೈಲಿನಲ್ಲಿ ಸುರೆನ್. ಗುಡ್ಡದ ಇಳಿಜಾರಿನ ಊರು. ಹಿಂತಿರುಗಿ ನೋಡಿದರೆ ಸೇನ್ ನದಿ, ಅದರಾಚೆ ಇಡೀ ಪ್ಯಾರಿಸ್. ಇನಾಯತ್ ಖಾನ್ ಕುಟುಂಬ 1922ರಿಂದ ಇದ್ದ ಮನೆಯ ಹೆಸರು ಫಜಲ್ ಮಂಜಿಲ್, ಬೀದಿಯ ಹೆಸರು ರೂ ದ ಲಾ ತ್ಯುಲೆರಿ. ತಂದೆ 1927ರಲ್ಲಿ ದೆಹಲಿಯಲ್ಲಿ ತೀರಿಕೊಂಡಾಗ ನೂರ್‌ಗೆ 13 ವರ್ಷ. ತಾಯಿ ದುಃಖದಲ್ಲಿ ಹಾಸಿಗೆ ಹಿಡಿದರು. ಮೂವರು ತಮ್ಮ ತಂಗಿಯರನ್ನ ಸಾಕಿದ್ದು ಇವಳೇ. ಜೊತೆಗೆ ಸೊರ್ಬಾನ್‌ನಲ್ಲಿ ಮಕ್ಕಳ ಮನಃಶಾಸ್ತ್ರ ಓದಿದಳು, ಪಿಯಾನೊ, ಹಾರ್ಪ್ ಕಲಿತಳು, ಪತ್ರಿಕೆಗೆ ಮಕ್ಕಳ ಕಥೆ ಬರೆದಳು. ಮನೆಯ ಮುಂದೆ ಅವಳ ಹೆಸರಿನ ಫಲಕ ಇದೆ. ಪ್ರತಿ ಜುಲೈ 14ರಂದು, ಫ್ರೆಂಚರ ರಾಷ್ಟ್ರೀಯ ದಿನ, ಇಲ್ಲಿ ಬ್ಯಾಂಡ್ ನುಡಿಸುತ್ತಾರೆ.

ಈ ಊರಿಗೆ ಏಜೆಂಟ್ ಆಗಿ ಬಂದಾಗಲೂ ಅವಳು ಹಳೆಯ ನೆರೆಹೊರೆಯವರ ಮನೆಗೆ ಹೋಗಿ ಅಲ್ಲಿಂದ ಸಂದೇಶ ಕಳಿಸಿದಳು. ನಿಯಮದ ಪ್ರಕಾರ ಮಾಡಬಾರದ ಕೆಲಸ. ಎಲ್ಲರೂ ಅವಳನ್ನ ಚಿಕ್ಕಂದಿನಿಂದ ನೋಡಿದವರು. ಆದರೆ ನಂಬೋಕೆ ಬೇರೆ ಯಾರಿದ್ದರು? ಸುರೆನ್‌ನವರು ಯಾರೂ ಅವಳನ್ನ ಹಿಡಿದುಕೊಡಲಿಲ್ಲ. ಇದೇ ಗುಡ್ಡದ ಮೇಲಿನ ಮೋಂ ವಲೇರಿಯನ್ ಕೋಟೆಯಲ್ಲಿ ಜರ್ಮನ್ನರು ಸಾವಿರಕ್ಕೂ ಹೆಚ್ಚು ಜನರನ್ನು ಗುಂಡಿಟ್ಟು ಕೊಂದರು. ಅಂಥ ಊರಲ್ಲಿ ಬಾಗಿಲು ತೆಗೆದ ಆ ಮನೆಯವರ ಧೈರ್ಯವನ್ನೂ ನಾವು ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ಮಧ್ಯಾಹ್ನ ವಾಪಸ್ ಪ್ಯಾರಿಸ್‌ಗೆ ಬಂದು 98 ರೂ ದ ಲಾ ಫೆಝಾಂದ್ರಿ ಮುಂದೆ ನಿಂತೆ. ಅಕ್ಟೋಬರ್ 13ರ ಸುಮಾರಿಗೆ ಅವಳು ಸಿಕ್ಕಿಬಿದ್ದಿದ್ದು ಈ ಕಟ್ಟಡದ ಫ್ಲ್ಯಾಟ್‌ನಲ್ಲಿ. ಅವಳ ಗುಂಪಿನ ಮುಖ್ಯಸ್ಥ ಆನ್ರಿ ಗ್ಯಾರಿಯ ಸಹೋದರಿ 1 ಲಕ್ಷ ಫ್ರಾಂಕ್‌ಗೆ ಸುಳಿವು ಕೊಟ್ಟಳು ಅನ್ನೋ ಆರೋಪ ಇತ್ತು. ಯುದ್ಧ ಮುಗಿದ ಮೇಲೆ ವಿಚಾರಣೆ ನಡೆದು ಆಕೆ ಖುಲಾಸೆಯಾದಳು. ಹಿಡಿಯೋಕೆ ಬಂದವನ ಮಣಿಕಟ್ಟನ್ನ ನೂರ್ ರಕ್ತ ಬರುವ ಹಾಗೆ ಕಚ್ಚಿದಳು. ಜಾತಕ ಕಥೆ ಬರೆದ ಆ ಮೆದು ಹುಡುಗಿ!

ಅಲ್ಲಿಂದ 84 ಅವೆನ್ಯೂ ಫೋಶ್‌ಗೆ ನಡೆಯುವಷ್ಟೇ ದೂರ. ಪ್ಯಾರಿಸ್‌ನ ಅತಿ ಅಗಲದ ರಸ್ತೆಗಳಲ್ಲಿ ಒಂದು, ಎರಡೂ ಕಡೆ ಹುಲ್ಲುಹಾಸು, ಮಕ್ಕಳು ಸ್ಕೂಟರ್ ಓಡಿಸುತ್ತಿದ್ದರು. ಜರ್ಮನ್ ಗುಪ್ತಚರ ಪೊಲೀಸರ ಕಚೇರಿ ಆ ಮನೆಯಲ್ಲಿತ್ತು. ಮೇಲಿನ ಅಂತಸ್ತಿನ ಕೋಣೆಗಳೇ ಸೆಲ್‌ಗಳು. ತಂದ ದಿನವೇ ನೂರ್ ಸ್ನಾನ ಮಾಡಬೇಕು, ಬಾಗಿಲು ಹಾಕಿಕೊಳ್ಳಬೇಕು ಅಂತ ಹಟ ಹಿಡಿದು, ಬಚ್ಚಲ ಕಿಟಕಿಯಿಂದ ಹೊರಗಿನ ಅಂಚಿಗೆ ಇಳಿದುಬಿಟ್ಟಳು. ಪಕ್ಕದ ಕಿಟಕಿಯಿಂದ ಕೈ ಚಾಚಿ ಹಿಡಿದರು. ಕತ್ತು ನೋಯುವ ತನಕ ಆ ಮೇಲಿನ ಅಂತಸ್ತನ್ನೇ ನೋಡಿದೆ. ಅಷ್ಟು ಎತ್ತರ, ಅಷ್ಟು ಸಣ್ಣ ಅಂಚು. ನವೆಂಬರ್ 25ರಂದು ಮತ್ತೆ ಹೊರಟಳು, ಈ ಸಲ ಪಕ್ಕದ ಸೆಲ್‌ಗಳ ಜಾನ್ ಸ್ಟಾರ್, ಲಿಯೋನ್ ಫಾಯ್ ಜೊತೆ. ಸ್ಕ್ರೂಡ್ರೈವರ್ ಕದ್ದು, ಚಾವಣಿ ಕಿಟಕಿಯ ಸರಳು ಸಡಿಲಿಸಿ, ಮೂವರೂ ಮಾಡಿನ ಮೇಲೆ ಹತ್ತಿದರು. ಅದೇ ಹೊತ್ತಿಗೆ ಬ್ರಿಟಿಷ್ ವಿಮಾನಗಳು ಬಂದು ಸೈರನ್ ಕೂಗಿತು. ಸೈರನ್ ಆದರೆ ಸೆಲ್ ತಪಾಸಣೆ ಮಾಡುವುದು ರೂಢಿ. ಸಿಕ್ಕಿಬಿದ್ದರು. ಇನ್ನು ಓಡಿಹೋಗಲ್ಲ ಅಂತ ಬರೆದುಕೊಡು ಅಂದರು. ನೂರ್ ಸಹಿ ಹಾಕಲಿಲ್ಲ.

ಅಲ್ಲಿನ ಮುಖ್ಯಸ್ಥ ಹಾನ್ಸ್ ಕೀಫರ್ ಯುದ್ಧದ ನಂತರ ಹೇಳಿಕೆ ಕೊಟ್ಟ, ಅವಳ ಬಾಯಿಂದ ನಮಗೆ ಏನೂ ಸಿಗಲಿಲ್ಲ ಅಂತ. ಆದರೆ ಅವಳು ಕಳಿಸಿದ ಸಂದೇಶಗಳನ್ನೆಲ್ಲ ಒಂದು ನೋಟ್‌ಬುಕ್‌ನಲ್ಲಿ ಬರೆದಿಟ್ಟುಕೊಂಡಿದ್ದಳು. ಅದು ಸಿಕ್ಕಿಬಿಟ್ಟಿತು. ಜರ್ಮನ್ನರು ಅವಳ ಸೆಟ್ಟಿನಿಂದಲೇ ಅವಳ ಹೆಸರಲ್ಲಿ ಲಂಡನ್‌ಗೆ ಸಂದೇಶ ಕಳಿಸೋಕೆ ಶುರು ಮಾಡಿದರು.

ನನಗೆ ಸಿಟ್ಟು ಬರುವುದು ಇಲ್ಲಿ. ಪ್ಯಾರಿಸ್‌ನಲ್ಲಿದ್ದ ಸೋನ್ಯಾ ಒಲ್ಶಾನೆಸ್ಕಿ ಎಂಬ ಹುಡುಗಿ ಅಕ್ಟೋಬರ್‌ನಲ್ಲೇ ಲಂಡನ್‌ಗೆ ಸುದ್ದಿ ಮುಟ್ಟಿಸಿದ್ದಳು: ಮ್ಯಾಡಲೀನ್‌ಗೆ ಅಪಘಾತ ಆಗಿದೆ, ಆಸ್ಪತ್ರೆಯಲ್ಲಿದ್ದಾಳೆ. ಅಂದರೆ ಸಿಕ್ಕಿಬಿದ್ದಿದ್ದಾಳೆ ಅಂತ. ಈ ಸೋನ್ಯಾ ಯಾರೋ ಗೊತ್ತಿಲ್ಲ ಅಂತ ಲಂಡನ್ ಅದನ್ನ ಬದಿಗಿಟ್ಟಿತು. ನೂರ್‌ಳ ಸೆಟ್ಟನ್ನೇ ನಂಬಿತು. 1944ರ ಫೆಬ್ರವರಿ ಕೊನೆಗೆ ಮ್ಯಾಡಲೀನ್ ಡಮರ್ಮೋನ್ ಎಂಬ ಇನ್ನೊಬ್ಬ ಏಜೆಂಟ್ ಮತ್ತು ಇಬ್ಬರು ಗಂಡಸರನ್ನು ಪ್ಯಾರಾಚೂಟ್‌ನಲ್ಲಿ ಇಳಿಸಿದರು. ಕೆಳಗೆ ಕಾಯುತ್ತಿದ್ದವರು ಗೆಸ್ಟಾಪೊದವರು.

ಶನಿವಾರ, ರೈಲಿನಲ್ಲಿ

ಪ್ಯಾರಿಸ್‌ನ ಗಾರ್ ದ ಲೆಸ್ಟ್ ಸ್ಟೇಷನ್‌ನಿಂದ ಜರ್ಮನಿಯ ಕಾರ್ಲ್ಸ್‌ರೂಹೆ ತನಕ ವೇಗದ ರೈಲು. ಅಲ್ಲಿಂದ ಬೇಕೆಂದೇ ಲೋಕಲ್ ಹಿಡಿದೆ, ಅದು ಫೋರ್ಟ್ಸ್‌ಹೈಮ್ ಊರಿನ ಮೇಲೆ ಹೋಗುತ್ತದೆ. ನೂರ್‌ಳನ್ನ 1943ರ ನವೆಂಬರ್ ಕೊನೆಗೆ ಇಲ್ಲಿನ ಜೈಲಿಗೆ ಹಾಕಿದರು. ಬೇರೆ ಕೈದಿಗಳ ಜೊತೆ ಮಾತಿಲ್ಲ, ಕೈಗೂ ಕಾಲಿಗೂ ಸರಪಳಿ, ಒಂಟಿ ಸೆಲ್. ಅವಳು ಎಲ್ಲಿದ್ದಾಳೆ ಅಂತ ಯಾರಿಗೂ ಗೊತ್ತಾಗಬಾರದು ಅನ್ನೋ ವರ್ಗದ ಕೈದಿ. ಸುಮಾರು 10 ತಿಂಗಳು ಹೀಗೆ.

ಆ ಜೈಲಿನಲ್ಲಿ ಯೋಲಾಂಡ್ ಲಗ್ರಾವ್ ಮತ್ತು ಕೆಲವು ಫ್ರೆಂಚ್ ಹೆಂಗಸರಿದ್ದರು. ಊಟದ ಬಟ್ಟಲುಗಳು ಸೆಲ್‌ನಿಂದ ಸೆಲ್‌ಗೆ ತಿರುಗುತ್ತವೆ ಅಂತ ಗೊತ್ತಾಗಿ, ಬಟ್ಟಲಿನ ತಳದಲ್ಲಿ ಗೀಚಿ ಮಾತಾಡಿಕೊಳ್ಳೋಕೆ ಶುರು ಮಾಡಿದರು. ನೂರ್ ಗೀಚಿದ್ದು ತಾನು ಇಟ್ಟುಕೊಂಡಿದ್ದ ಇನ್ನೊಂದು ಹೆಸರು, ನೋರಾ ಬೇಕರ್. ಜೊತೆಗೆ ವಿಳಾಸ, 4 ಟ್ಯಾವಿಟನ್ ಸ್ಟ್ರೀಟ್, ಲಂಡನ್.

1946ರಲ್ಲಿ ವೆರಾ ಆಟ್ಕಿನ್ಸ್ ಜರ್ಮನಿ ಸುತ್ತಿ ತಾನೇ ಕಳಿಸಿದ ಏಜೆಂಟ್‌ಗಳ ಗತಿ ಏನಾಯಿತು ಅಂತ ಹುಡುಕಿದಳು. ನೂರ್ ನಾಟ್ಸ್‌ವೈಲರ್ ಕ್ಯಾಂಪ್‌ನಲ್ಲಿ ಸತ್ತಳು ಅಂತ ಮೊದಲು ತೀರ್ಮಾನವಾಗಿತ್ತು. ಯೋಲಾಂಡ್ ಕೊಟ್ಟ ಮಾಹಿತಿಯಿಂದ ಅದು ತಪ್ಪು ಅಂತ ಗೊತ್ತಾಯಿತು. ಬಟ್ಟಲಿನ ತಳದ ಆ ಅಕ್ಷರಗಳು ಇಲ್ಲದಿದ್ದರೆ ಅವಳು ಎಲ್ಲಿ ಹೋದಳು ಅಂತ ಯಾರಿಗೂ ಗೊತ್ತಾಗುತ್ತಿರಲಿಲ್ಲವೇನೋ.

1944ರ ಸೆಪ್ಟೆಂಬರ್‌ನಲ್ಲಿ ಅವಳನ್ನ ಕಾರ್ಲ್ಸ್‌ರೂಹೆಗೆ ತಂದು, ಯೋಲಾಂಡ್ ಬೀಕ್‌ಮನ್, ಎಲಿಯಾನ್ ಪ್ಲ್ಯೂಮನ್, ಡಮರ್ಮೋನ್ ಜೊತೆ ಸೇರಿಸಿ ಮ್ಯೂನಿಕ್ ರೈಲು ಹತ್ತಿಸಿದರು. ಕಿಟಕಿ ಪಕ್ಕ ಸೀಟು, ತಿನ್ನೋಕೆ ಬ್ರೆಡ್ಡು. ಎಷ್ಟೋ ತಿಂಗಳಾದ ಮೇಲೆ ನಾಲ್ಕು ಜನ ಹೆಂಗಸರು ಇಂಗ್ಲಿಷ್‌ನಲ್ಲಿ ಮಾತಾಡಿಕೊಂಡು ಹೋದರು. ಕಾವಲಿಗಿದ್ದವನೇ ಆಮೇಲೆ ಇದನ್ನು ಹೇಳಿದ್ದು. ನಾನು ಹೋಗಿದ್ದೂ ಅದೇ ದಾರಿ. ಸ್ಟುಟ್‌ಗಾರ್ಟ್ ದಾಟಿದ ಮೇಲೆ ಬೆಟ್ಟಗಳು ಬರುತ್ತವೆ, ರೈಲು ನಿಧಾನ ಏರುತ್ತದೆ, ಎರಡೂ ಕಡೆ ದಟ್ಟ ಕಾಡು. ಓದೋಕೆ ತಂದಿದ್ದ ಪುಸ್ತಕ ತೆಗೆಯಲೇ ಇಲ್ಲ.

ಭಾನುವಾರ, ಡಖಾವ್

ಮ್ಯೂನಿಕ್‌ನಿಂದ ಎಸ್2 ರೈಲು, ಆಮೇಲೆ 726 ನಂಬರ್ ಬಸ್. ಕ್ಯಾಂಪ್ ಒಳಗೆ ಹೋಗೋಕೆ ಟಿಕೆಟ್ ಇಲ್ಲ, ಬೆಳಿಗ್ಗೆ 9ರಿಂದ ಸಂಜೆ 5ರವರೆಗೆ ತೆರೆದಿರುತ್ತದೆ. ಅರ್ಧ ದಿನವಾದರೂ ಇಟ್ಟುಕೊಳ್ಳಿ. ತುಂಬ ಜನ ಮ್ಯೂಸಿಯಂ ನೋಡಿ ವಾಪಸ್ ಹೋಗಿಬಿಡುತ್ತಾರೆ. ನಮ್ಮ ಹುಡುಗಿಯ ಹೆಸರು ಇರುವುದು ದೂರದ ತುದಿಯಲ್ಲಿ, ಹೆಣ ಸುಡುತ್ತಿದ್ದ ಕ್ರಿಮೆಟೋರಿಯಂ ಕಡೆ.

ನಾಜಿಗಳ ಈ ಯಾತನಾ ಶಿಬಿರ, ಡಖಾವ್ ಕ್ಯಾಂಪ್, ಶುರುವಾಗಿದ್ದು 1933ರ ಮಾರ್ಚ್‌ನಲ್ಲಿ, ಹಿಟ್ಲರ್ ಬಂದು ಎರಡು ತಿಂಗಳೂ ತುಂಬಿರಲಿಲ್ಲ. 12 ವರ್ಷದಲ್ಲಿ 2 ಲಕ್ಷಕ್ಕೂ ಹೆಚ್ಚು ಜನ ಇಲ್ಲಿ ಮತ್ತು ಇದರ ಶಾಖೆಗಳಲ್ಲಿ ಕೈದಿಗಳಾಗಿದ್ದರು, 41,500 ಮಂದಿ ಸತ್ತರು. ಜಲ್ಲಿ ಹಾಸಿದ ದೊಡ್ಡ ಬಯಲು, ಕಿತ್ತುಹಾಕಿದ ಬ್ಯಾರಕ್‌ಗಳ ಗುರುತು ಮಾತ್ರ. ಕೊನೆಗೆ ಒಂದು ಸಣ್ಣ ಕಾಲುವೆ ದಾಟಿದರೆ ಮರಗಳ ನಡುವೆ ಕ್ರಿಮೆಟೋರಿಯಂ. ನಾಲ್ವರನ್ನೂ 1944ರ ಸೆಪ್ಟೆಂಬರ್ 13ರಂದು ಗುಂಡಿಟ್ಟು ಕೊಂದು ಇಲ್ಲಿ ಸುಟ್ಟರು. ನೂರ್‌ಗೆ 30 ವರ್ಷ.

ಗೋಡೆಯ ಮೇಲಿನ ಫಲಕದಲ್ಲಿ ನಾಲ್ಕು ಹೆಸರು. ನಾನು ಎರಡೆರಡು ಸಲ ಓದಿದ್ದು ನೂರ್ ಹೆಸರಲ್ಲ, ಡಮರ್ಮೋನ್ ಹೆಸರು. ಜರ್ಮನ್ನರ ಕೈಗೆ ಹೋಗಿದ್ದ ನೂರ್‌ಳ ಸೆಟ್ಟನ್ನ ನಂಬಿ ಲಂಡನ್ ಕಳಿಸಿದ ಹುಡುಗಿ, ಕೊನೆಗೆ ಅದೇ ನೂರ್ ಪಕ್ಕದಲ್ಲಿ ಸತ್ತಳು. ಆ ರೈಲಿನಲ್ಲಿ ಇಬ್ಬರೂ ಏನು ಮಾತಾಡಿಕೊಂಡಿರಬಹುದು?

ಬ್ರಿಟನ್ 1949ರಲ್ಲಿ ನೂರ್‌ಗೆ ಜಾರ್ಜ್ ಕ್ರಾಸ್ ಎಂಬ ಶೌರ್ಯ ಪದಕ ಕೊಟ್ಟಿತು, ಫ್ರಾನ್ಸ್ ಅದಕ್ಕೂ ಮುಂಚೆಯೇ ತನ್ನ ಯುದ್ಧ ಪದಕ ಕ್ರ್ವಾ ದ ಗೇರ್ ಕೊಟ್ಟಿತ್ತು. ಜಾರ್ಜ್ ಕ್ರಾಸ್ ಪ್ರಶಸ್ತಿ ಪತ್ರದಲ್ಲಿ ಅವಳು ವಾಪಸ್ ಬರಲು ಒಪ್ಪದ್ದು, ಬಾಯಿ ಬಿಡದ್ದು, ಎರಡು ಸಲ ತಪ್ಪಿಸಿಕೊಳ್ಳಲು ನೋಡಿದ್ದು ಎಲ್ಲ ಇದೆ. ಲಂಡನ್‌ಗೆ ಎಚ್ಚರಿಕೆ ಬಂದಿತ್ತು ಅನ್ನೋದು ಮಾತ್ರ ಇಲ್ಲ. ಎಚ್ಚರಿಕೆ ಕೊಟ್ಟ ಸೋನ್ಯಾ 1944ರ ಜುಲೈ 6ರಂದು ನಾಟ್ಸ್‌ವೈಲರ್‌ನಲ್ಲಿ ವಿಷದ ಇಂಜೆಕ್ಷನ್‌ಗೆ ಬಲಿಯಾದಳು. ನೂರ್ ಅಂತ ಮೊದಲು ತಪ್ಪಾಗಿ ಗುರುತಿಸಿದ್ದು ಅವಳನ್ನೇ. ಅವಳು ಲಂಡನ್ನಿನಿಂದ ಹೋದವಳಲ್ಲ, ಫ್ರಾನ್ಸ್‌ನಲ್ಲೇ ಸೇರಿಕೊಂಡವಳು. ಹಾಗಾಗಿ ಫ್ರಾನ್ಸ್‌ನ ವಲಾನ್ಸೆಯಲ್ಲಿರುವ ಏಜೆಂಟ್‌ಗಳ ಸ್ಮಾರಕದ 104 ಹೆಸರುಗಳಲ್ಲಿ ಅವಳ ಹೆಸರು ಸೇರಿಲ್ಲ. ನಾಟ್ಸ್‌ವೈಲರ್ ಇರುವುದು ಸ್ಟ್ರಾಸ್‌ಬರ್ಗ್ ಹತ್ತಿರದ ಬೆಟ್ಟದಲ್ಲಿ. ಮುಂದಿನ ಸಲ ಅಲ್ಲಿಗೇ ಹೋಗೋದು.